ಕಸ್ತೂರೆವ್ವನ ಕೊರಳಿನ ಎರಡು ಮುಖ

ಕಸ್ತೂರೆವ್ವನ ಮಾತು ತೆಗೆದರೆ ನಮ್ಮ ಕಡೆಯ ಜನ ಮೊದಲು ನಗುತ್ತಾರೆ. 'ಹುಡಿಗೇರ್ನ ಪಗಾರಕ್ಕ ಜಿಗಿಸಿದಾಕಿ' ಅನ್ನುತ್ತಾರೆ. ಅನ್ನಲಿ, ನಾಲಿಗೆಗೆ ಎಲುಬಿಲ್ಲ. ನಾನು ಚನ್ನವ್ವ, ಅವಳ ಟೀಮಿನಲ್ಲಿ ಸ್ಮ್ಯಾಶ್ ಹೊಡೆಯುತ್ತಿದ್ದವಳು. ಹೊಡೆತವೂ ಜೋರು, ಬಾಯಿಯೂ ಜೋರು. ನನ್ನೆದುರು ಒಮ್ಮೆ ನಕ್ಕವರು ಇನ್ನೊಮ್ಮೆ ನಗಲು ಯೋಚನೆ ಮಾಡುತ್ತಾರೆ.

ಅವಳು ಚಿಕ್ಕೋಡಿಯ ಹೊರಗೆ ಕಬ್ಬು ಬೆಳೆಯುವ ದೊಡ್ಡ ಮನೆತನದ ಸೊಸೆ. ತವರಿನ ಶಾಲೆಯಲ್ಲಿ ವಾಲಿಬಾಲ್ ಆಡುತ್ತಿದ್ದಳಂತೆ. ಜಿಲ್ಲಾ ಪಂದ್ಯಕ್ಕೆ ಹೋಗಬೇಕಿದ್ದ ವಾರವೇ ರಾವಸಾಹೇಬರಿಗೆ ಕೊಟ್ಟು ಲಗ್ನ ಮಾಡಿಬಿಟ್ಟರು. ರಾವಸಾಹೇಬರಿಗೆ ಅದು ಎರಡನೇ ಸಂಬಂಧ. ಮೊದಲ ಹೆಂಡತಿ ಬಾಣಂತನದಲ್ಲಿ ತೀರಿಹೋಗಿದ್ದಳು. ನಮ್ಮಲ್ಲಿ ಸತ್ತವಳ ಜಾಗಕ್ಕೆ ಬಂದವಳು ಬರಿಗೊರಳಲ್ಲಿ ಇರುವಂತಿಲ್ಲ. ಸತ್ತವಳ ಮುಖ ಮೂಡಿಸಿದ ಬೆಳ್ಳಿಯ ಸಣ್ಣ ಬಿಲ್ಲೆಯನ್ನು ತಾಳಿಯ ಜೊತೆ ಕಟ್ಟುತ್ತಾರೆ. ಅದಕ್ಕೆ ಟಾಕು ಅನ್ನುತ್ತೇವೆ. ಹೊಸ ಸೀರೆಯನ್ನು ಮೊದಲು ಅದಕ್ಕೆ ಮುಟ್ಟಿಸಬೇಕು, ಹೋಳಿಗೆಯನ್ನು ಮೊದಲು ಅದಕ್ಕೆ ತೋರಿಸಬೇಕು. ಇಲ್ಲದಿದ್ದರೆ ಸತ್ತವಳು ಮನೆಯನ್ನು ನೆಮ್ಮದಿಯಾಗಿ ಇರಗೊಡುವುದಿಲ್ಲ ಎಂಬ ನಂಬಿಕೆ.

"ಭಾರ ಆಗೂದಿಲ್ಲೇನ್ರಿ ಅಕ್ಕಾರ?" ಎಂದು ಒಮ್ಮೆ ಕೇಳಿದ್ದೆ.

"ಭಾರ ಏನಿಲ್ಲಬೇ. ಆದ್ರ ಈ ಮನಿಗೆ ಬಂದಾಗಿಂದ ನಾ ಒಂದಿನಾನೂ ಒಬ್ಬಾಕೆನ ಕುಂತು ಉಂಡಿಲ್ಲ," ಎಂದಳು.

ತೊಂಬತ್ತೆರಡನೇ ಇಸವಿಯ ಸುಮಾರಿಗೆ ಅವಳ ತಲೆಯಲ್ಲಿ ಲೀಗಿನ ಹುಚ್ಚು ಹೊಕ್ಕಿತು. ಗಂಡಸರ ಪಂದ್ಯಗಳಿಗೆ ಊರೂರಿನವರು ಆಟಗಾರರನ್ನು ರೊಕ್ಕ ಕೊಟ್ಟು ಕರೆಸುತ್ತಿದ್ದರು. ಹೆಣ್ಣುಮಕ್ಕಳಿಗೆ ಯಾಕಿಲ್ಲ? ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ನಾಲ್ಕು ಟೀಮು. ಆಡಿದವರಿಗೆ ತಿಂಗಳ ಪಗಾರ. ಬಸ್ಸು ಹತ್ತಿ ವ್ಯಾಪಾರಸ್ಥರ ಅಂಗಡಿ ಅಂಗಡಿ ತಿರುಗಿದಳು. ಯಾರೋ ಒಬ್ಬ ಸಾಹುಕಾರ ಚಹಾ ಕುಡಿಸಿ, "ಆಡ್ಲಿ ಬಿಡ್ರಿ ವೈನಿ, ಆದ್ರ ಪಗಾರ ಯಾಕ?" ಎಂದನಂತೆ. "ನಿಮ್ಮ ಗುಮಾಸ್ತ ಪುಕ್ಕಟೆ ಬರೀತಾನೇನ್ರಿ?" ಎಂದು ಕೇಳಿ ಎದ್ದು ಬಂದಳು. ಮರುದಿನ ಅವನೇ ಒಪ್ಪಿಕೊಂಡ.

ನಮ್ಮ ಚಿಕ್ಕೋಡಿ ಟೀಮು ಅವಳ ಗಾಣದ ಅಂಗಳದಲ್ಲಿ ಅಭ್ಯಾಸ ಮಾಡುತ್ತಿತ್ತು. ಟೀಮಿನ ಜೀವವೆಂದರೆ ಸುಂದರಾ. ಅಕ್ಕೋಳದ ಹುಡುಗಿ, ಬೌದ್ಧರ ಮನೆಯವಳು, ತಾಯಿ ದ್ರೌಪದಿಯ ಜೊತೆ ನಿಪ್ಪಾಣಿಯಲ್ಲಿ ತಂಬಾಕು ಕೂಡಿಡುವ ವಖಾರದಲ್ಲಿ ದುಡಿಯುತ್ತಿದ್ದಳು. ನೆಟ್ಟಿನ ಪಕ್ಕ ನಿಂತು ಬಾಲ್ ಎತ್ತಿಕೊಡುವುದು ಅವಳ ಕೆಲಸ. ಎಷ್ಟು ತೊಳೆದರೂ ಬೆರಳಿನ ತಂಬಾಕಿನ ವಾಸನೆ ಹೋಗುತ್ತಿರಲಿಲ್ಲ, ಬಾಲಿಗೂ ಅದೇ ವಾಸನೆ. ಕಸ್ತೂರೆವ್ವ ನಮಗೆ ಒಂದು ಪಾಠವನ್ನು ಬೈದು ಬೈದು ಕಲಿಸಿದ್ದಳು: ಒಬ್ಬಳು 'ನಂದು!' ಎಂದು ಕೂಗಿದರೆ ಉಳಿದವರು ಹಿಂದೆ ಸರಿಯಬೇಕು. ನೆಟ್ಟಿನ ಹತ್ತಿರದ ಬಾಲೆಲ್ಲ ಸುಂದರಾಳದೇ. "ನಂದೂ!" ಎಂದು ಅವಳು ಕೂಗಿದರೆ ಸಾಕು, ನಮ್ಮ ಕಾಲು ತಾವಾಗಿಯೇ ಹಿಂದೆ ಹೋಗುತ್ತಿದ್ದವು.

ಲೀಗ್ ಶುರುವಾಗಲು ಒಂದು ತಿಂಗಳಿದೆ ಅನ್ನುವಾಗ, ಅಭ್ಯಾಸಕ್ಕೆಂದು ಬಸ್ಸಿಳಿದು ನಡೆದು ಬರುತ್ತಿದ್ದ ಸುಂದರಾಳ ಮೇಲೆ ಕಬ್ಬು ಹೇರಿದ ಟ್ರಾಲಿ ಮಗುಚಿ ಬಿತ್ತು. ನಾವು ಓಡಿಹೋಗಿ ಕಬ್ಬನ್ನು ಕಿತ್ತು ಕಿತ್ತು ಒಗೆದೆವು. ಅಂಗೈ ಸೀಳಿ ರಕ್ತ ಬಂತು. ಅವಳು ಸಿಕ್ಕಾಗ ಉಸಿರಿರಲಿಲ್ಲ. ಅಯ್ಯೋ ನನ ಶಿವನ, ಇಂದಿಗೂ ಕಬ್ಬಿನ ಟ್ರಾಲಿ ಎದುರು ಬಂದರೆ ನಾನು ರಸ್ತೆ ಬಿಟ್ಟು ಹೊಲಕ್ಕಿಳಿಯುತ್ತೇನೆ.

ಅವಳ ಜಾಗಕ್ಕೆ ಮುಗಳಖೋಡದ ಲಕ್ಕವ್ವ ಬಂದಳು. ಸಣ್ಣ ಹುಡುಗಿ, ಚುರುಕು ಕೈ. ಆದರೆ ಆಟ ಆಗಲೊಲ್ಲದು. ಬಾಲ್ ನೆಟ್ಟಿನ ಹತ್ತಿರ ಏರುತ್ತಿತ್ತು, ನಾವೆಲ್ಲ ಹಿಂದೆ ಸರಿಯುತ್ತಿದ್ದೆವು. ನಮ್ಮನ್ನು ನೋಡಿ ಲಕ್ಕವ್ವಳೂ ಸರಿಯುತ್ತಿದ್ದಳು. ಬಾಲ್ ಆ ಖಾಲಿ ಜಾಗದಲ್ಲಿ ಬಿದ್ದು ಪುಟಿಯುತ್ತಿತ್ತು. ಯಾರೂ ಕೂಗಿರಲಿಲ್ಲ. ಆದರೂ ನಾವೆಲ್ಲರೂ ಕೇಳಿಸಿಕೊಂಡವರ ಹಾಗೆ ಸರಿದಿದ್ದೆವು. ದಿನವೂ ಇದೇ ಹಾಡು. ಒಂದು ಸಂಜೆ ಲಕ್ಕವ್ವ ಬಾಲನ್ನು ಮೂಸಿ ನೋಡಿ ಕೆಳಗೆ ಹಾಕಿ ಅಳತೊಡಗಿದಳು. "ಆಕಿ ಹೋಗಿಲ್ರಿ. ನಾ ನಿಂತಲ್ಲೆ ನಿಂತಾಳ," ಎಂದಳು. ನಾನು ಅವಳನ್ನು ಗದರಿಸಿದೆ, ಆದರೆ ನನ್ನ ತೋಳಿನ ಮೇಲೂ ಮುಳ್ಳೆದ್ದಿದ್ದವು.

ಲಕ್ಕವ್ವಳ ಅಜ್ಜಿ ಕೆಂಚವ್ವ ಬಂದು ಅಂಗಳದಲ್ಲೇ ಕೂತಳು. "ಸತ್ತಾಕಿ ಜಾಗಾದಾಗ ನನ್ನ ಮೊಮ್ಮಗಳು ಬರಿಗೊಳ್ಳಲೆ ನಿಂದ್ರೂದಿಲ್ಲ. ಆ ಹುಡಿಗೀದೊಂದು ಟಾಕ ಮಾಡಿಸಿ ಕಟ್ರಿ. ಇಲ್ಲಂದ್ರ ಕರ್ಕೊಂಡು ಹೊಕ್ಕೇನಿ," ಎಂದಳು. ಲಕ್ಕವ್ವ ಹೋದರೆ ಎತ್ತಿಕೊಡಲು ಬೇರೆ ಯಾರೂ ಇರಲಿಲ್ಲ. ಮೊದಲ ಪಂದ್ಯವೇ ನಮ್ಮದು. ನಾವು ಇಳಿಯದಿದ್ದರೆ ಬಂಡವಾಳ ಹಾಕಿದವರು ಅವತ್ತೇ ಕೈ ತೊಳೆದುಕೊಳ್ಳುತ್ತಿದ್ದರು. ಕಸ್ತೂರೆವ್ವನ ಲೀಗ್ ಹುಟ್ಟುವ ಮೊದಲೇ ಮಣ್ಣಾಗುತ್ತಿತ್ತು.

ಕಸ್ತೂರೆವ್ವ ಬೆಳ್ಳಿ ಕೆಲಸದ ಪತ್ತಾರನ ಹತ್ತಿರ ಟಾಕು ಮಾಡಿಸಿದಳು. ಅದನ್ನು ಸೆರಗಿನಲ್ಲಿ ಕಟ್ಟಿಕೊಂಡು, ನನ್ನನ್ನೂ ಕರೆದುಕೊಂಡು ಅಕ್ಕೋಳಕ್ಕೆ ದ್ರೌಪದಿಯನ್ನು ಕೇಳಲು ಹೋದಳು. ದ್ರೌಪದಿ ಟಾಕನ್ನು ಕೈಯಲ್ಲಿ ಹಿಡಿದು ಬಹಳ ಹೊತ್ತು ನೋಡಿದಳು.

"ಬಾಬಾಸಾಹೇಬರ ಮಾತ ಕೇಳಿ ನಮ್ಮ ಹಿರ್ಯಾರು ಇಂಥಾವ್ನೆಲ್ಲಾ ನದ್ಯಾಗ ಬಿಟ್ಟು ಬಂದಾರ್ರಿ," ಎಂದಳು. "ನನ್ನ ಮಗಳ್ನ ದೆವ್ವ ಮಾಡಬ್ಯಾಡ್ರಿ ಅಕ್ಕಾರ. ಆಕಿ ಯಾರ್ನೂ ಕಾಡೂ ಹುಡಿಗೆಲ್ಲ. ಆ ಲಕ್ಕವ್ವಗರ ಏನ್ ವಯಸ್ಸರಿ? ಈಗಿಂದನ ಸತ್ತಾಕೀನ ಹೊತ್ಕೊಂಡು ತಿರಗಬೇಕಾ?"

ಕಸ್ತೂರೆವ್ವನ ಕೈ ತನ್ನ ಕೊರಳಿಗೆ ಹೋಯಿತು. ಟಾಕನ್ನು ವಾಪಸು ತೆಗೆದುಕೊಂಡು, ಅಲ್ಲೇ ಕೂತು, ತನ್ನ ತಾಳಿಯ ದಾರಕ್ಕೆ ಪೋಣಿಸಿದಳು. ಮೊದಲ ಹೆಂಡತಿಯ ಮುಖದ ಪಕ್ಕದಲ್ಲಿ ಸುಂದರಾಳ ಮುಖ.

"ನಾ ಅಂತೂ ಹೊತ್ತಽ ಇದ್ದೇನಿ," ಎಂದಳು. "ಇಕಿ ನನಗ ದೆವ್ವ ಅಲ್ಲ ದ್ರೌಪದಿ. ನಾ ಕರದದ್ದಕ್ಕ ಬಂದಾಕಿ, ಹಾದ್ಯಾಗ ಹೋದ್ಲು. ನನ್ನ ಕೂಡ ಇರ್ಲಿ." ದ್ರೌಪದಿ ಮುಖಕ್ಕೆ ಸೆರಗು ಮುಚ್ಚಿಕೊಂಡಳು. ಬೇಡ ಅನ್ನಲಿಲ್ಲ.

ಮನೆಯಲ್ಲಿ ರಂಪವೇ ಆಯಿತು. "ಆ ಕೇರಿ ಹುಡಿಗಿ ಮುಖಾ ನಮ್ಮ ಮನಿ ತಾಳಿ ಕೂಡಾನಽ?" ಎಂದು ಮೈದುನ ಕೂಗಾಡಿದ. ರಾವಸಾಹೇಬರು ಮಾತ್ರ ತಲೆ ಎತ್ತದೆ ಊಟ ಮಾಡಿ ಎದ್ದು ಹೋದರು. ಕೆಂಚವ್ವಗೆ ಕಸ್ತೂರೆವ್ವ ಕೊರಳು ತೋರಿಸಿ, "ಟೀಮು ನಂದು, ಜಾಗಾನೂ ನಂದು. ಸತ್ತಾಕಿ ಏನರ ಕೇಳೂದಿದ್ರ ನನ್ನ ಕೇಳ್ತಾಳ. ನಿಮ್ಮ ಹುಡಿಗೀನ ಆಡಾಕ ಬಿಡ್ರಿ," ಎಂದಳು. ಮುದುಕಿ ಗೊಣಗುತ್ತಲೇ ಒಪ್ಪಿದಳು.

ಶಿವರಾತ್ರಿ ಮುಗಿದ ಮೇಲೆ ಚಿಕ್ಕೋಡಿಯ ಮೈದಾನದಲ್ಲಿ ಲೀಗ್ ಶುರುವಾಯಿತು. ಎದುರು ರಾಯಬಾಗದ ಟೀಮು. ಜನ ಗಿಡ ಹತ್ತಿ ಕೂತಿದ್ದರು, ಅರ್ಧ ಜನ ನಗಲಿಕ್ಕೇ ಬಂದವರು. ಮೊದಲ ಬಾಲು ಆ ಜಾಗದಲ್ಲೇ ಬಿತ್ತು, ಎರಡನೆಯದೂ ಅಷ್ಟೇ. ಶಿಳ್ಳೆ ಹಾಕಿ ನಕ್ಕರು. ನಾನು ಸೈಡಿಗೆ ನೋಡಿದೆ. ಕಸ್ತೂರೆವ್ವ ಎರಡೂ ಟಾಕನ್ನು ಮುಷ್ಟಿಯಲ್ಲಿ ಬಿಗಿಯಾಗಿ ಹಿಡಿದುಕೊಂಡು ನಿಂತಿದ್ದಳು, ಜಿಗಿಯುವ ಕೂಸನ್ನು ಹಿಡಿದ ಹಾಗೆ. ಲಕ್ಕವ್ವಳೂ ಅದನ್ನು ನೋಡಿದಳು.

ಮುಂದಿನ ಬಾಲ್ ಏರಿತು. ನನ್ನ ಕಾಲು ಹಿಂದೆ ಸರಿಯಿತು.

"ನಂದೂ!" ಎಂದು ಲಕ್ಕವ್ವ ಕಿರುಚಿದಳು. ಬಾಲ್ ನನ್ನ ಮುಂದೆ ಹೂವಿನ ಹಾಗೆ ಬಂದು ನಿಂತಿತು. ಹೊಡೆದೆ ನೋಡಿ! ರಾಯಬಾಗದವರು ಕೈ ಎತ್ತಲೂ ಇಲ್ಲ. ನಕ್ಕವರೇ ಎದ್ದು ನಿಂತು ಕೂಗಿದರು. ನನ್ನ ಅಂಗೈ ತಂಬಾಕು ವಾಸನೆ ಬಡಿಯುತ್ತಿತ್ತು, ಆ ಬಾಲ್ ಮಾತ್ರ ಅವತ್ತು ತಂದ ಹೊಸದು.

ಲೀಗ್ ಮೂರು ಹಂಗಾಮು ನಡೆಯಿತು. ಆಮೇಲೆ ಒಬ್ಬೊಬ್ಬರಿಗೇ ಲಗ್ನ, ಒಬ್ಬೊಬ್ಬ ಸಾಹುಕಾರನಿಗೂ ಬೇರೆ ಕೆಲಸ. ಲಕ್ಕವ್ವ ಸಾಂಗಲಿ ಕಡೆ ಗಂಡನ ಮನೆಗೆ ಹೋದಳು, ಯಾವ ಟಾಕೂ ಇಲ್ಲದೆ, ತನ್ನ ತಾಳಿ ಒಂದನ್ನೇ ಕಟ್ಟಿಸಿಕೊಂಡು. ಕಸ್ತೂರೆವ್ವ ಮಾತ್ರ ಸಂಜೆಯಾದರೆ ಖಾಲಿ ಅಂಗಳದಲ್ಲಿ ನೆಟ್ಟು ಕಟ್ಟಿಸಿ ಕೂರುತ್ತಿದ್ದಳು. ಊಟಕ್ಕೆ ಕೂತರೆ ತಾಟಿನ ಬದಿಗೆ ಎರಡು ತುತ್ತು ತೆಗೆದಿಟ್ಟು ಉಣ್ಣುತ್ತಿದ್ದಳು. ಹೋದಾಗಲೆಲ್ಲ ನನ್ನ ಹಿಂದೆ ನೋಡಿ, "ಮತ್ಯಾರು ಬಂದಾರಬೇ?" ಎಂದು ಕೇಳುತ್ತಿದ್ದಳು. ನನ್ನ ಹಿಂದೆ ಯಾರೂ ಇರುತ್ತಿರಲಿಲ್ಲ.

ತೊಂಬತ್ತೆಂಟರಲ್ಲಿ ತೀರಿಹೋದಳು. ಮೈ ತೊಳೆಯುವಾಗ ನಾನೇ ಆ ದಾರ ಬಿಚ್ಚಿದೆ. ಮೊದಲ ಹೆಂಡತಿಯ ಟಾಕು ದೇವರ ಜಗುಲಿಗೆ ಹೋಯಿತು. ಸುಂದರಾಳದನ್ನು ಆ ಮನೆಯಲ್ಲಿ ಯಾರೂ ಮುಟ್ಟಲಿಲ್ಲ. ಅದು ನನ್ನ ಹತ್ತಿರ ಇದೆ.

ಕಸ್ತೂರೆವ್ವನ ಮುಖದ ಟಾಕು ಮಾತ್ರ ಎಲ್ಲೂ ಇಲ್ಲ. ರಾವಸಾಹೇಬರು ಮತ್ತೆ ಲಗ್ನವಾಗಲಿಲ್ಲ, ಲೀಗನ್ನು ಮತ್ತೆ ಯಾರೂ ಎತ್ತಲಿಲ್ಲ. ಟಾಕು ಮಾಡಿಸಬೇಕೆಂದರೆ ಸತ್ತವಳ ಜಾಗಕ್ಕೆ ಒಬ್ಬಳು ಬರಬೇಕಲ್ಲ!