ಬಿಸಿಲ್ಗುದುರೆ ಏನು ಮೇಯುತ್ತೆ?

ನಮ್ಮಜ್ಜಿಗೆ ಕತೆ ಹೇಳುವುದು ಅಂದರೆ ತಮಾಷೆಯಲ್ಲ, ಹೇಳುವವರ ಪ್ರಾಣ ತಿಂದುಬಿಡುತ್ತಾಳೆ. ನಾನು ಕಟ್ಟಿದ ಮರಳುಗಾಡಿಗೆ ಅವಳು ಮಾಡಿದ ಗತಿ ನೋಡಿದರೆ ನಿಮಗೇ ಗೊತ್ತಾಗುತ್ತದೆ.

ಅಜ್ಜಿ ನರಸೀಪುರದ ಹತ್ತಿರದ ತನ್ನೂರು ಹೆಮ್ಮಿಗೆಯಿಂದ ನಂಜನಗೂಡಿನ ನಮ್ಮ ಮನೆಗೆ ಬಂದದ್ದು ಕಣ್ಣು ತೋರಿಸುವುದಕ್ಕೆ. ಎರಡರಲ್ಲೂ ಪೊರೆ. ಎಡಗಣ್ಣಿನದು ಪೂರಾ ಬಲಿತಿದೆ, ಇನ್ನೂ ತಡ ಮಾಡಿದರೆ ಆ ಕಣ್ಣು ಹೋದಂತೆಯೇ ಅಂತ ಹೇಳಿ ಡಾಕ್ಟರು ಮುಂದಿನ ವಾರಕ್ಕೇ ಆಪರೇಷನ್ ಗೊತ್ತು ಮಾಡಿದರು. ಬಲಗಣ್ಣನ್ನು ಆಮೇಲೆ ನೋಡೋಣ ಅಂದರು. ಅಲ್ಲಿ ಕೋಲೆ ಬಸವನ ಹಾಗೆ ತಲೆಯಾಡಿಸಿದ ಅಜ್ಜಿ ಮನೆಗೆ ಬಂದವಳೇ ತನ್ನ ಚೀಲಕ್ಕಾಗಿ ತಡಕಾಡತೊಡಗಿದಳು.

“ಕಣ್ಣಿಗೆ ಕತ್ರಿ ಆಕುಸ್ಕಳಕೆ ನನ್ ಕೈಲಾಗಾಕಿಲ್ಲ ಕಣವ್ವ. ನರಸೀಪುರದ ಬಸ್ಸು ಅತ್ತುಸ್ಬುಡು, ಓಯ್ತೀನಿ.”

“ಬಸ್ಸಿನ ಬೋರ್ಡೇ ಕಾಣಲ್ಲ ನಿಂಗೆ, ಊರಿಗೆ ಹೋಗ್ತಾಳಂತೆ! ಸುಮ್ನೆ ಕೂತ್ಕೋ ಅಜ್ಜಿ” ಎಂದು ರೇಗಿದೆ. ರೇಗಿದರೆ ಬಗ್ಗುವ ಜೀವವಲ್ಲ ಅದು. ಮುಖ ಊದಿಸಿಕೊಂಡು ಕಿಟಕಿಯ ಪಕ್ಕ ಕೂತಳು. ಸ್ವಲ್ಪ ಹೊತ್ತಿಗೆ ಅಲ್ಲಿಂದಲೇ ಮೆಲ್ಲಗೆ ಕರೆದಳು.

“ಬಾ ಇಲ್ಲಿ. ಎದ್ರು ಮನೆ ಜಗಲಿ ಮ್ಯಾಲೆ ನಿಮ್ ತಾತ ಕುಂತವ್ರೆ ನೋಡು. ಬಿಳೇ ಪಂಚೆ.”

ತಾತ ತೀರಿಕೊಂಡು ಎಷ್ಟೋ ವರ್ಷವಾಗಿದೆ. ಜಗಲಿಯ ಮೇಲಿದ್ದದ್ದು ಎದುರು ಮನೆಯವರ ಸ್ಕೂಟರು. ಧೂಳು ಕೂರದಿರಲಿ ಎಂದು ಅವರು ಅದಕ್ಕೆ ಬಿಳಿ ಬಟ್ಟೆ ಹೊದಿಸಿಡುತ್ತಾರೆ. ಹೇಳೋಣವೆಂದು ಬಾಯಿ ತೆರೆದೆ. ಅಷ್ಟರಲ್ಲಿ ಅಜ್ಜಿ ಸೆರಗನ್ನು ತಲೆಯ ಮೇಲೆ ಎಳೆದುಕೊಂಡದ್ದು ಕಂಡಿತು. ಬಾಯಿ ಮುಚ್ಚಿಕೊಂಡೆ.

ಅವಳನ್ನು ಆಪರೇಷನ್ ದಿನದವರೆಗೆ ಹಿಡಿದಿಡಬೇಕಿತ್ತು. ಟೀವಿ ಹಾಕಿದರೆ ಕಾಣದು. ಅದಕ್ಕೇ ಕತೆ ಶುರು ಮಾಡಿದ್ದು. ಲೋಕದ ಆ ತುದಿಯಲ್ಲಿ ಒಂದು ಮರಳುಗಾಡು. ಮಧ್ಯಾಹ್ನವಾದರೆ ಅಲ್ಲಿಯ ದಿಬ್ಬಗಳು ಮೈ ಕೊಡವಿ ಎದ್ದು ನೆರಳು ಹುಡುಕಿಕೊಂಡು ಹೊರಡುತ್ತವೆ. ಬಾಯಾರಿದವರ ಹಿಂದೆ ಬಾವಿಗಳು ನಾಯಿಮರಿಯ ಹಾಗೆ ಬರುತ್ತವೆ, ತಿರುಗಿ ನೋಡಿದರೆ ನಾಚಿಕೊಂಡು ಮುಚ್ಚಿಹೋಗುತ್ತವೆ. ಅಂಥದ್ದನ್ನು ಒಬ್ಬಳು ಮುದುಕಿ ದಾಟಬೇಕು.

“ಮರ ಎಲ್ಲವ್ವ?” ಅಂದಳು ಅಜ್ಜಿ.

“ಮರ ಇರಲ್ಲ ಅಜ್ಜಿ. ಮರಳುಗಾಡು ಅದು.”

“ಕಾಡು ಅಂತೀಯೆ, ಮರ ಇಲ್ಲ ಅಂತೀಯೆ! ನಮ್ಮೂರ ಒಳೆ ದಾಟುದ್ರೆ ತಲಕಾಡು. ಅಲ್ಲಿ ಮರಳೂ ಅದೆ, ಮರವೂ ಅದೆ. ನಿನ್ನ ಕಾಡ್ಗೇನ್ ದಾಡಿ?”

ಇದಕ್ಕೆ ಏನು ಹೇಳುತ್ತೀರಿ? ಮರಳಿನಲ್ಲೇ ಮರ ಮಾಡಿ ನೆಟ್ಟೆ. ಅಜ್ಜಿ ಅವಕ್ಕೆ ರಸಬಾಳೆಯ ಗೊನೆ ನೇತುಹಾಕಿದಳು. ಮುದುಕಿಗೆ ಒಂದು ಎಲೆಅಡಿಕೆ ಚೀಲ ಕೊಡಿಸಿದಳು. ಬಾವಿಗಳಿಗೆ ಕಟ್ಟೆ ಕಟ್ಟಿಸಿದಳು. ವಾರ ಕಳೆಯುವುದರೊಳಗೆ ನನ್ನ ಮಾಯದ ಮರಳುಗಾಡು ನರಸೀಪುರ ತಾಲ್ಲೂಕಿನ ಒಂದು ಹೋಬಳಿಯಾಗಿ ಕೂತಿತ್ತು. ಪಂಚಾಯ್ತಿ ಆಫೀಸೊಂದು ಬಾಕಿ. ಊರಿನ ಬಸ್ಸಿನ ಮಾತು ಮಾತ್ರ ದಿನಾ ಬರುತ್ತಲೇ ಇತ್ತು.

ಆಪರೇಷನ್ನಿನ ಹಿಂದಿನ ಮಧ್ಯಾಹ್ನ ಮುದುಕಿಯ ಮುಂದೆ ಬಿಸಿಲ್ಗುದುರೆಯನ್ನು ತಂದು ನಿಲ್ಲಿಸಿದೆ.

“ಏನ್ ಮೇಯ್ತದೆ ಅದು?”

“ಅಯ್ಯೋ, ಅದು ನಿಜವಾದ ಕುದುರೆ ಅಲ್ಲ ಅಜ್ಜಿ! ದೂರಕ್ಕೆ ನೀರಿದ್ದ ಹಾಗೆ ಹೊಳೆಯುತ್ತೆ ಅಷ್ಟೇ.”

“ಕುದ್ರೆ ಅಂದ್ಮೇಲೆ ಮೇಯ್ದೆ ಇದ್ದಾದಾ?”

“ಮೇಯುತ್ತೋ ಬಿಡುತ್ತೋ, ಹತ್ತಿರ ಹೋದ್ರೆ ಅದು ಇರೋದೇ ಇಲ್ಲ!”

ಅಜ್ಜಿ ಎಲೆಗೆ ಸುಣ್ಣ ಸವರುವುದನ್ನು ನಿಲ್ಲಿಸಿದಳು. “ಅತ್ರ ಓದ್ರೆ ಇರಾಕಿಲ್ವಾ?”

“ಇರಲ್ಲ.”

ಅವಳು ಕಿಟಕಿಯ ಕಡೆ ತಿರುಗಿದಳು. “ಅದ್ಕೇ ಕಣವ್ವ ನಾನು ಬ್ಯಾಡ ಅಂದುದ್ದು. ಕತ್ರಿಗೆಲ್ಲ ಎದ್ರೋಳಾ ನಾನು? ಕಣ್ಣು ಸರ್ಯಾಗೋದ್ರೆ ಅವ್ರು ಅಲ್ಲಿರಾಕಿಲ್ಲ. ನಂಗೊತ್ತಿಲ್ವಾ, ಸತ್ತೋರು ಬಂದು ಎದ್ರು ಮನೆ ಜಗಲಿ ಮ್ಯಾಲೆ ಕುಂತ್ಕತಾರಾ? ಆದ್ರೂ ಕುಂತವ್ರಲ್ಲ.”

ನಾನು ಅವಳ ಪಕ್ಕಕ್ಕೆ ಸರಿದು ಕೂತೆ. “ಡಾಕ್ಟರು ಕೇಳಿರೋದು ಒಂದೇ ಕಣ್ಣು ಅಜ್ಜಿ. ಇನ್ನೊಂದು ನಿನ್ನ ಹತ್ರಾನೇ ಇರುತ್ತೆ.”

ಅಜ್ಜಿ ಎಲೆ ಮಡಿಸಿ ಬಾಯಿಗಿಟ್ಟು ನಿಧಾನವಾಗಿ ಅಗಿದಳು. “ಅಂಗಾದ್ರೆ ಆ ಮುದ್ಕೀನ ದಾಟ್ಸು ಅತ್ಲಾಗೆ. ನಾಳೀಕೆ ನಾವೂ ಓಗ್ಬುಟ್ಟು ಬರಾನ.”

ಆಪರೇಷನ್ ಚೆನ್ನಾಗಿಯೇ ಆಯಿತು. ಮಾರನೆಯ ದಿನ ಪಟ್ಟಿ ಬಿಚ್ಚಿಸಿಕೊಂಡು, ಕರಿ ಕನ್ನಡಕ ಹಾಕಿಕೊಂಡು ಮನೆಗೆ ಬಂದವಳು ನೀರೂ ಕೇಳದೆ ಸೀದಾ ಕಿಟಕಿಗೆ ಹೋದಳು. ನಾನು ಸೊಪ್ಪು ಬಿಡಿಸುವ ನೆಪದಲ್ಲಿ ಅಲ್ಲೇ ಕೂತೆ. ಆ ಸ್ಕೂಟರನ್ನು ಇವತ್ತೊಂದು ದಿನ ಬೇರೆ ಕಡೆ ನಿಲ್ಲಿಸಿ ಅಂತ ಎದುರು ಮನೆಯವರಿಗೆ ಹೇಳಬಹುದಿತ್ತಲ್ಲ ಅನ್ನಿಸಿತು. ಅಜ್ಜಿ ಕನ್ನಡಕ ಎತ್ತಿ ನೋಡಿದಳು. ಬಹಳ ಹೊತ್ತು ನೋಡಿದಳು.

“ಥೂ ಇವ್ರಾ! ಸ್ಕೂಟ್ರು ಕಣವ್ವ!” ಅಂದು ಹೊಟ್ಟೆ ಕುಣಿಸಿಕೊಂಡು ನಕ್ಕಳು. ಬದುಕಿದೆಯಾ ಬಡಜೀವ ಎಂದು ನಾನೂ ನಕ್ಕೆ. ನಗು ಮುಗಿದ ಮೇಲೆ ಅವಳು ಹೊಸ ಕಣ್ಣಿನ ಮೇಲೆ ಅಂಗೈ ಅಡ್ಡ ಹಿಡಿದು, ಹಳೆಯ ಕಣ್ಣಿನಿಂದ ಇನ್ನೊಮ್ಮೆ ಜಗಲಿಯ ಕಡೆ ನೋಡಿದಳು. ಸೆರಗು ತಲೆಯ ಮೇಲೆ ಬಂತು.

ಈಗ ಅಕ್ಕಿಯಲ್ಲಿ ಕಲ್ಲು ಆರಿಸುತ್ತಾಳೆ, ಬಸ್ಸಿನ ಬೋರ್ಡು ಕಾಣುತ್ತದೆ ಅಂತ ಜಂಬ ಕೊಚ್ಚುತ್ತಾಳೆ. ಹೋದ ತಿಂಗಳು ಡಾಕ್ಟರು ಬಲಗಣ್ಣಿನ ಮಾತೆತ್ತಿದರು. ಅಜ್ಜಿ ಎರಡೂ ಕೈಯಲ್ಲಿ ಆ ಕಣ್ಣನ್ನು ಮುಚ್ಚಿಕೊಂಡಳು.

“ಇದು ನನ್ ಕುದ್ರೆ ಮೇಯೋ ಜಾಗ ಸಾ. ಇದ್ಕೆ ಕೈ ಇಕ್ಬ್ಯಾಡಿ.”

ಡಾಕ್ಟರು ಏನೂ ತಿಳಿಯದೆ ನನ್ನ ಮುಖ ನೋಡಿದರು.

“ಇನ್ನೊಂದಷ್ಟು ದಿನ ಹಾಗೇ ಇರಲಿ ಬಿಡಿ ಡಾಕ್ಟ್ರೇ” ಎಂದೆ ನಾನು.