ತಾರೀಖಿಗಿಂತ ಮೊದಲೇ ತುಂಬಿದ ವರ್ಷ

ಒಂದು ಕಡೆ ಸುಮ್ಮನೆ ಕೂರುವುದು ನನಗೆ ಗೊತ್ತಿಲ್ಲ. ಆ ದಿನ ಬರೋಡಾದ ಮನೆಯಲ್ಲಿ ಮಡಿಯಲ್ಲಿದ್ದೆ, ಹೊರಗೆ ಕಾಲಿಡುವಂತಿರಲಿಲ್ಲ. ಒಲೆಯಿಂದ ಬಾಗಿಲಿಗೆ, ಬಾಗಿಲಿನಿಂದ ಒಲೆಗೆ ತಿರುಗಿದ್ದೇ ತಿರುಗಿದ್ದು. ವಡೆ ಕರಿದಾಗಿತ್ತು, ಪಾಯಸ ಇಳಿಸಿಯಾಗಿತ್ತು, ಪುರೋಹಿತರು ಗೋಡೆಗೊರಗಿ ತೂಕಡಿಸುತ್ತಿದ್ದರು. ನನ್ನ ಏಳು ವರ್ಷದ ಮಗ ಮಾತ್ರ ಶಾಲೆಯಿಂದ ಬಂದಿರಲಿಲ್ಲ. ಅವತ್ತು ಅವನ ಅಪ್ಪನ ವರ್ಷಾಂತಿಕ, ಸತ್ತು ವರ್ಷ ತುಂಬಿದ ದಿನದ ಶ್ರಾದ್ಧ. ದರ್ಭೆ ಹಿಡಿಯಬೇಕಾದವನೇ ಅವನು. ಅಡಿಗೆಯ ಹೊತ್ತಿನಲ್ಲಿ ಕಾಲಿಗೆ ತೊಡರುವುದು ಬೇಡ, ಅರ್ಧ ದಿನ ಕಲಿತು ಬರಲಿ ಎಂದು ನಾನೇ ಕಳಿಸಿದ್ದೆ.

ನನ್ನ ಗಂಡ ಬರೋಡಾ ಹತ್ತಿರದ ಕೊಯಾಲಿಯ ತೈಲ ಕಾರ್ಖಾನೆ ಎದ್ದು ನಿಲ್ಲುತ್ತಿದ್ದ ಕಾಲಕ್ಕೆ ಧಾರವಾಡದಿಂದ ಅಲ್ಲಿಗೆ ಕೆಲಸಕ್ಕೆ ಬಂದವರು. ಅವರ ಸ್ಕೂಟರಿಗೆ ಲಾರಿ ಬಡಿಯಿತು, ಹೋಗಿಬಿಟ್ಟರು. ಮಾಸಿಕಗಳಿನ್ನೂ ನಡೆಯುತ್ತಿರುವಾಗಲೇ ಮಾವನವರೂ ನಾನೂ ಕೋರ್ಟಿನಲ್ಲಿ ಎದುರುಬದುರಾಗಿದ್ದೆವು. ಅಪಘಾತದ ಪರಿಹಾರ ಹುಡುಗನ ಹೆಸರಿಗೆ ಬರುವುದಿತ್ತು. ಹುಡುಗ ಯಾರ ಸುಪರ್ದಿನಲ್ಲೋ ಪರಿಹಾರ ಅವರ ಕೈಗೆ. ದುಡ್ಡು ಬರೀ ನೆವ ಬಿಡಿ. ಅವರಿಗೆ ಸತ್ತ ಮಗನ ಮಗ ಬೇಕಿದ್ದ, ನನಗೆ ನನ್ನ ಮಗ ಬೇಕಿದ್ದ. ವರ್ಷ ತುಂಬುವವರೆಗೆ ಹುಡುಗನನ್ನು ತಾಯಿಯ ಹತ್ತಿರದಿಂದ, ಬರೋಡಾದಿಂದ, ಒಯ್ಯುವುದಿಲ್ಲವೆಂದು ಮಾವನವರು ಕೋರ್ಟಿಗೆ ಮಾತು ಕೊಟ್ಟರು. ಆಮೇಲೆ ಮುಂದಿನ ವಿಚಾರಣೆ ಎಂದಾಯಿತು.

ವರ್ಷ ಎಂದರೆ ಕೋರ್ಟಿಗೆ ಗೋಡೆಯ ಮೇಲಿನ ಕ್ಯಾಲೆಂಡರು. ನಮ್ಮಲ್ಲಿ ಸತ್ತವರ ವರ್ಷ ಪಂಚಾಂಗದ ತಿಥಿಗೆ ತುಂಬುತ್ತದೆ. ಆ ಸಲ ತಿಥಿ ತಾರೀಖಿಗಿಂತ ಮೊದಲೇ ಬಂದಿತ್ತು.

ಮಡಿಯನ್ನು ಗಾಳಿಗೆ ತೂರಿ ಶಾಲೆಗೆ ಓಡಿದೆ. "ದಾದಾ ಲಯೀ ಗಯಾ," ಎಂದಳು ಆಯಾ, ಅಜ್ಜ ಕರೆದುಕೊಂಡು ಹೋದರು ಅಂತ. ಎಲ್ಲಿಗೆ ಎಂದು ಅವಳಿಗೇನು ಗೊತ್ತು! ಸ್ಟೇಷನ್ನಿಗೆ ಹೋದೆ, ಪ್ಲಾಟ್‌ಫಾರಂ ಉದ್ದಕ್ಕೂ ಹುಚ್ಚಿಯ ಹಾಗೆ ಅಲೆದೆ, ಮನೆಗೆ ಬಂದೆ, ಮತ್ತೆ ಹೋದೆ. ಮಾಡಿದ ಎಡೆಯನ್ನೆಲ್ಲ ಕೊನೆಗೆ ಬೀದಿಯ ಹಸುವಿಗೆ ಹಾಕಿದೆ.

ಮರುದಿನ ಸಂಜೆ ಮಾವನವರೇ ಹುಡುಗನ ಕೈ ಹಿಡಿದು ಬಾಗಿಲಿಗೆ ಬಂದರು. ಸೂರತ್ತಿನಲ್ಲಿ ನನ್ನ ನಾದಿನಿಯ ಮನೆಯಿತ್ತು, ಅವಳ ಗಂಡನಿಗೆ ಅಲ್ಲಿ ಬ್ಯಾಂಕಿನ ಕೆಲಸ. ಅಲ್ಲಿಗೆ ಒಯ್ದು, ತಾಪಿ ನದಿಯ ದಂಡೆಯಲ್ಲಿ ಕರ್ಮ ಮುಗಿಸಿದ್ದರು.

"ಹೇಳದ ಕೇಳದ ಒಯ್ದ್ರಲ್ಲಾ! ನಾ ಇಲ್ಲೆ ಎಲ್ಲಾ ಮಾಡಿಟ್ಟಿದ್ದೆ," ಎಂದು ಕಿರುಚಿದೆ.

"ಕೂದಲಾ ಇಟಗೊಂಡಾಕಿ ಅಡಿಗಿ ಪಿತೃಗಳಿಗೆ ನಡಿಯೂದಿಲ್ಲವಾ," ಎಂದರು, ಹೊಸ್ತಿಲ ಆಚೆಗೇ ನಿಂತು.

ತಲೆ ಬೋಳಿಸಿಕೊಳ್ಳುವುದಿಲ್ಲ ಎಂದು ನಾನು ಹಟ ಹಿಡಿದಿದ್ದೆ. ನಮ್ಮ ಪುರೋಹಿತರಿಗೆ ಅದು ಅಡ್ಡಿಯಾಗಿರಲಿಲ್ಲ, ಇವರಿಗೆ ಆಯಿತು. ಮೈಯೆಲ್ಲ ಉರಿದುಹೋಯಿತು. ಬೆಳಗಾದದ್ದೇ ಅಲಕಾಪುರಿಯ ವಕೀಲರ ಆಫೀಸಿಗೆ ನಡೆದೆ. ವಕೀಲರು ಖುಷಿಯಾಗಿಬಿಟ್ಟರು. ಮುದುಕ ಕೋರ್ಟಿಗೆ ಕೊಟ್ಟ ಮಾತು ಮುರಿದಿದ್ದಾನೆ, ಇದು ನ್ಯಾಯಾಂಗ ನಿಂದನೆ, ಜೈಲು ಕಂಡರೆ ಹುಡುಗ ನಿಮಗೇ ಉಳಿದ ಹಾಗೆ ಎಂದರು. ಸಹಿ ಹಾಕಿದೆ.

ಪ್ರಕರಣ ಅಹಮದಾಬಾದಿನ ಹೈಕೋರ್ಟಿಗೆ ಹೋಯಿತು. ಅಲ್ಲಿಯ ವರಾಂಡದಲ್ಲಿ ನಾನು ಹಿಂದೆ ಮುಂದೆ ಓಡಾಡುವುದನ್ನು ನೋಡಿ ಜವಾನನೇ ಎರಡು ಸಲ ಕೂತುಕೊಳ್ಳಿ ಎಂದ. ನನ್ನವರು ಸತ್ತ ಇಂಗ್ಲಿಷ್ ತಾರೀಖನ್ನು ವಕೀಲರು ನನಗೆ ಬಾಯಿಪಾಠ ಮಾಡಿಸಿದ್ದರು. ಕೇಳಿದರೆ ಅದೊಂದನ್ನೇ ಹೇಳಿ, ಮತ್ತೇನೂ ಬೇಡ ಎಂದಿದ್ದರು.

ಒಳಗೆ ನ್ಯಾಯಾಧೀಶರು ಮಾವನವರಿಗೆ, ಕ್ಷಮೆ ಕೇಳಿ, ಇಲ್ಲದಿದ್ದರೆ ಜೈಲಿಗೆ ಕಳಿಸಬೇಕಾಗುತ್ತದೆ ಎಂದರು. ಮಾವನವರು ತಮ್ಮ ಹರಕು ಹಿಂದಿಯಲ್ಲಿ, ವರ್ಷ ತುಂಬಿದ ಮೇಲೆಯೇ ಒಯ್ದೆ, ಮಾತು ಮುರಿದಿಲ್ಲ, ಯಾತಕ್ಕೆ ಕ್ಷಮೆ ಎಂದರು. ನ್ಯಾಯಾಧೀಶರ ಮುಖ ಕೆಂಪಾಯಿತು. ಆಗ ಮಾವನವರು ನನ್ನ ಕಡೆ ಕೈ ತೋರಿಸಿದರು.

"ನನ್ನ ಸೊಸೆಯನ್ನು ಕೇಳಿ. ವರ್ಷ ಯಾವತ್ತು ತುಂಬಿತು ಅಂತ ಆಕೆ ಹೇಳಲಿ."

ನ್ಯಾಯಾಧೀಶರು ಕೇಳಿದರು. ಬಾಯಿಪಾಠದ ತಾರೀಖು ನಾಲಗೆಯ ತುದಿಗೆ ಬಂದಿತ್ತು. ಅಷ್ಟು ಹೇಳಿದ್ದರೆ ಸಾಕು, ಮಗ ನನ್ನವನು. ಆದರೆ ಮುಂಜಾನೆಯೇ ಎದ್ದು ತಣ್ಣೀರು ಹೊಯ್ದುಕೊಂಡು ವಡೆ ಕರಿದವಳು ನಾನಲ್ಲವೆ? ನನ್ನ ಗಂಡನ ವರ್ಷ ತುಂಬಿರಲಿಲ್ಲ ಎಂದು ಯಾವ ಬಾಯಲ್ಲಿ ಹೇಳಲಿ? ಸಿಟ್ಟು ಬಂತು, ಅಳುವೂ ಬಂತು.

"ಅವರು ಒಯ್ದ ದಿನವೇ ತುಂಬಿತು," ಎಂದೆ. "ನಾನೂ ಅವತ್ತೇ ಅಡಿಗೆ ಮಾಡಿಕೊಂಡು ಕಾಯುತ್ತಿದ್ದೆ."

ವಕೀಲರು ಕಾಗದ ಮಡಚಿಬಿಟ್ಟರು. ನ್ಯಾಯಾಧೀಶರು ಮಾವನವರಿಗೆ, ಹಾಗಾದರೆ ಒಂದೇ ಒಂದು ಕ್ಷಮೆಯ ಮಾತು ಹೇಳಿ ಮನೆಗೆ ಹೋಗಿ ಎಂದರು. ಮಾವನವರು ಪೀಠದ ಕಡೆ ನೋಡಲಿಲ್ಲ. ನನ್ನ ಕಡೆ ತಿರುಗಿ ಕನ್ನಡದಲ್ಲಿ ಅಂದರು:

"ನೀ ಎಡಿ ಮಾಡಿಟ್ಟ ಕಾಯ್ಕೋತ ಕೂತಿದ್ದಿ, ನಾ ಬಿಟ್ಟು ಹೋದೆ. ತಪ್ಪಾತವಾ."

ಏನೆಂದರು ಎಂದು ನ್ಯಾಯಾಧೀಶರು ನನ್ನನ್ನೇ ಕೇಳಿದರು.

"ಮಾಫಿ ಕೇಳಿದರು," ಎಂದೆ. ಯಾರನ್ನು ಎಂದು ಅವರು ಕೇಳಲಿಲ್ಲ, ನಾನೂ ಹೇಳಲಿಲ್ಲ.