ಬೆತ್ತದಮ್ಮ ಬಿಚ್ಚದ ಕುರ್ಚಿ

ಹರಿದ ಹೆಣಿಗೆ, ಜೋಲುಬಿದ್ದ ಹೆಣಿಗೆ, ಯಾರೋ ಮಹಾನುಭಾವರು ಬಲ್ಬು ಹಾಕಲೆಂದು ಹತ್ತಿ ನಿಂತು ತೂತು ಮಾಡಿದ ಹೆಣಿಗೆ, ಊರಿನ ಬೆತ್ತದ ಕುರ್ಚಿಗಳೆಲ್ಲ ರಿಪೇರಿಗೆ ಬೆತ್ತದಮ್ಮನ ಮುಂದಿನ ಕೋಣೆಗೇ ಬರಬೇಕು. ಎಳೆ ಕೊಯ್ಯಬಾರದೆಂದು ಬಲಗೈ ಹೆಬ್ಬೆರಳಿಗೆ ಸದಾ ಬಟ್ಟೆ ಸುತ್ತಿಕೊಂಡಿರುತ್ತಿದ್ದಳು. ಬಾಯಿಗೆ ಮಾತ್ರ ಅಂಥ ಕಟ್ಟು ಯಾವುದೂ ಇರಲಿಲ್ಲ. “ಕೂರೋಕೆ ಕುರ್ಚಿ ಕೊಟ್ರೆ ಕುಣೀತೀರಲ್ರೀ!” ಎಂದು ಬಂದವರನ್ನೆಲ್ಲ ಝಾಡಿಸುತ್ತಿದ್ದಳು.

ಆದರೆ ಹೆಣೆಯುವುದಕ್ಕಿಂತ ಬಿಚ್ಚುವ ಕೆಲಸಕ್ಕೇ ಅವಳನ್ನು ಹುಡುಕಿಕೊಂಡು ಬರುವವರು ಹೆಚ್ಚು. ಕಾರಣ ತಂಗುಬೆಳಕು. ಹೊತ್ತು ಮುಳುಗಿ ದೀಪ ಹಚ್ಚುವ ಮೊದಲು ಅದು ಬಾಗಿಲ ಸಂದಿಯಿಂದ ನೆಲದ ಮೇಲೆ ಹರಿದು ಬರುತ್ತದೆ, ಬೂದಿ ಬೆರೆಸಿದಂಥ ಕೆಂಪು. ಪಾತ್ರೆಗಳು ಗುಂಯ್‌ಗುಡುತ್ತವೆ, ಕೈಮೇಲಿನ ಕೂದಲು ನೆಟ್ಟಗಾಗುತ್ತದೆ. ಒಂದು ಲೋಟ ನೀರು ಕುದಿಯುವಷ್ಟು ಹೊತ್ತು ಇದ್ದು ಹೋಗುತ್ತದೆ. ನಿಂತವರಿಗೆ, ಮಲಗಿದವರಿಗೆ ಅದರಿಂದ ಏನೂ ಇಲ್ಲ. ಕೂತವರು ಸಿಕ್ಕರೆ ಮಾತ್ರ ಅವರ ಭಾರವನ್ನೂ ಮೈಬಿಸಿಯನ್ನೂ ಕೂತಲ್ಲೇ ಹಿಡಿದಿಟ್ಟುಬಿಡುತ್ತದೆ. ಆಮೇಲೆ ಮನುಷ್ಯ ಎದ್ದು ಹೋದರೂ ಖಾಲಿ ಕುರ್ಚಿ ದಿನವೂ ಆ ಹೊತ್ತಿಗೆ ಕಿರ್ರೆಂದು ಜಗ್ಗುತ್ತದೆ. ಹೀಗಾಗಿ ಆಗ ಇಡೀ ಊರು ಎದ್ದು ನಿಲ್ಲುತ್ತದೆ. ಬಸ್ಸು ನಿಲ್ಲಿಸಿ ಡ್ರೈವರು ನಿಲ್ಲುತ್ತಾನೆ, ಅರ್ಧ ಗಡ್ಡ ಬೋಳಿಸಿಕೊಂಡವನು ನೊರೆ ಸಮೇತ ನಿಲ್ಲುತ್ತಾನೆ.

ಮರೆತು ಕೂತವರ ಪಾಡು ಕೇಳಬೇಡಿ. ಶಾಲೆಯ ಮೇಷ್ಟರೊಬ್ಬರು ತೂಕಡಿಸುತ್ತಾ ಸಿಕ್ಕಿಬಿದ್ದು, ಮೈ ತಣ್ಣಗಾಗಿ, ಹೆಜ್ಜೆ ಸದ್ದೇ ಇಲ್ಲದೆ ತರಗೆಲೆಯ ಹಾಗೆ ಓಡಾಡುತ್ತಿದ್ದರು. ಬೆತ್ತದಮ್ಮ ಆ ಬೆಳಕಿನಲ್ಲೇ ಅವರ ಕುರ್ಚಿಯ ಹೆಣಿಗೆ ಕೊಯ್ದಳು. ಕೊನೆಯ ಎಳೆ ಬಿಟ್ಟಿದ್ದೇ ತಡ, ಮೇಷ್ಟರ ಭಾರ ಮೇಷ್ಟರಿಗೆ ಮರಳಿತು. “ಅಯ್ಯೋ ನನ್ನ ಸೊಂಟ!” ಎಂದು ಅಲ್ಲೇ ಗೋಡೆ ಹಿಡಿದು ಬಗ್ಗಿದರು. ಸತ್ತವರು ಬಿಟ್ಟುಹೋದ ಭಾರ ಹೀಗೆ ಯಾರಿಗೂ ಮರಳುವುದಿಲ್ಲ. ಬಿಚ್ಚಿದರೆ ಸುಮ್ಮನೆ ಹೋಗಿಬಿಡುತ್ತದೆ.

ಅದಕ್ಕೇ ಅವಳು ಗಂಡನ ಕುರ್ಚಿಯನ್ನು ಮುಟ್ಟಿರಲಿಲ್ಲ. ಕಿಟಕಿ ಪಕ್ಕದ ಆ ಕುರ್ಚಿಯಲ್ಲಿ ಒಂದು ಸಂಜೆ ಅವನ ಪ್ರಾಣ ಹೋಗಿತ್ತು. ಹೆಣವನ್ನು ಒಳಗೆ ಎತ್ತಿಕೊಂಡು ಹೋದದ್ದಷ್ಟೇ ಅವಳಿಗೆ ನೆನಪು, ಮುಂದಿನದೆಲ್ಲ ಮಂಜು. ಮಾರನೆಯ ಸಂಜೆಯಿಂದ ಕುರ್ಚಿ ಕಿರ್ರೆನ್ನತೊಡಗಿತು. “ಬಂದ್ರಾ? ಇವತ್ತು ಏನಾಯ್ತು ಗೊತ್ತಾ?” ಎಂದು ದಿನವೂ ಎದುರು ನಿಂತು ಊರ ಸಮಾಚಾರವನ್ನೆಲ್ಲ ಒಪ್ಪಿಸುತ್ತಿದ್ದಳು. ಅಂದಿನಿಂದ ಅವಳ ಕೈಕಾಲು ತಣ್ಣಗಾದವು, ನಡೆದರೆ ಸದ್ದಾಗುತ್ತಿರಲಿಲ್ಲ. ಗಂಡನ ಕೊರಗು ಎಂದು ಎಲ್ಲರೂ ಅಂದರು. “ಗಾಳಿ ಬಂದ್ರೆ ಬಾಗಿಲು ಹಿಡ್ಕೊಳ್ಳಿ ಅತ್ತೆ” ಎಂದು ಸೊಸೆ ತಮಾಷೆ ಮಾಡುತ್ತಿದ್ದಳು.

ಸೊಸೆಯ ತಮಾಷೆ ನಿಂತದ್ದು ಪುಟ್ಟಿಯಿಂದ. ಆರು ತುಂಬದ ಮೊಮ್ಮಗಳು, ಎಲ್ಲರೂ ಎದ್ದು ನಿಂತಾಗ ಕಣ್ಣು ತಪ್ಪಿಸಿ ತಾತನ ಕುರ್ಚಿ ಹತ್ತಿ ಕೂತಿದ್ದಳು. ಎಳೆದರೆ ಬರಲೊಲ್ಲಳು. ಮರುದಿನವೂ ಹತ್ತಿದಳು. ಕೋಣೆಗೆ ಬೀಗ ಹಾಕಿದರೆ ಕಿಟಕಿಯಿಂದ ಇಳಿದಳು. ಮಗುವಿನ ಕೆನ್ನೆ ತಣ್ಣಗಾಯಿತು, ಗೆಜ್ಜೆ ಕಟ್ಟಿದ ಕಾಲೂ ಸದ್ದು ಮಾಡದಾಯಿತು.

“ನಿಮ್ಮ ಕಾಲಿಗೆ ಬೀಳ್ತೀನಿ ಅತ್ತೆ, ಅದನ್ನ ಬಿಚ್ಚಿಬಿಡಿ.”

“ಬಿಚ್ಚಿದ್ರೆ ಅವರು ಹೋಗ್ಬಿಡ್ತಾರೆ ಕಣೇ.”

“ಮಾವ ಹೋಗಿ ಆಯ್ತು. ಇವಳು ಹೋಗ್ತಿದ್ದಾಳೆ!”

ಬೆತ್ತದಮ್ಮ ಮೊಮ್ಮಗಳನ್ನು ಹತ್ತಿರ ಎಳೆದುಕೊಂಡು, “ಬಂಗಾರ, ಅಲ್ಲೇ ಯಾಕೆ ಕೂರ್ತೀಯೇ? ಅಜ್ಜಿ ತೊಡೆ ಇಲ್ವಾ?” ಎಂದಳು.

“ನಿನ್ ತೊಡೆ ತಣ್ಣಗೆ. ಅಲ್ಲಿ ಬೆಚ್ಚಗಿದೆ. ತಲೇನೂ ಸವರ್ತಾರೆ ಅಜ್ಜಿ, ಬಟ್ಟೆ ಸುತ್ತಿದ ಬೆರಳಲ್ಲಿ.”

ಬೆತ್ತದಮ್ಮ ತನ್ನ ಹೆಬ್ಬೆರಳನ್ನು ನೋಡಿಕೊಂಡಳು. ಸೊಸೆಯೂ ನೋಡಿದಳು.

ಅಂದು ಸಂಜೆ ಸೊಸೆ ಮಗುವನ್ನು ಅವುಚಿಕೊಂಡು ಬಾಗಿಲಲ್ಲಿ ನಿಂತಳು. ನೆಲದ ಮೇಲೆ ಕೆಂಪು ಹರಿದು ಬಂತು. ಕುರ್ಚಿ ಕಿರ್ರೆಂದು ಜಗ್ಗಿತು. “ಬಂದ್ರಾ?” ಎಂದಳು ಬೆತ್ತದಮ್ಮ. ಬಗ್ಗಿ ನಿಂತು ಚಾಕು ಹಾಕಿದಳು. ಒಂದೊಂದು ಎಳೆ ಕೊಯ್ದಾಗಲೂ ಬೆಚ್ಚನೆಯ ಉಸಿರು ಮುಖಕ್ಕೆ ಬಡಿಯುತ್ತಿತ್ತು. ಕೊನೆಯ ಎಳೆಗೆ ಚಾಕು ತಗುಲಿಸಿ, “ಅವರೇ ಆಗಿರ್ಲಿ” ಎಂದು ಮನಸ್ಸಿನಲ್ಲೇ ಬೇಡಿಕೊಂಡಳು. ಅವನೇ ಆಗಿದ್ದರೆ ಈಗ ಹೋಗಿಬಿಡುತ್ತಾನೆ. ಆದರೂ ಇಷ್ಟು ದಿನ ಇದ್ದನಲ್ಲ ಎಂಬ ಸಮಾಧಾನವಾದರೂ ಉಳಿಯುತ್ತದೆ. ಕೊಯ್ದಳು.

ಹಿಂದೆ ಪುಟ್ಟಿಯ ಗೆಜ್ಜೆ ಝಲ್ಲೆಂದಿತು, ಮಗು ಗಟ್ಟಿಯಾಗಿ ಅತ್ತಿತು. ಆ ಕ್ಷಣಕ್ಕೇ ಬೆತ್ತದಮ್ಮನ ಹೆಗಲು, ಸೊಂಟ, ಮಂಡಿಗಳ ಮೇಲೆ ಮೂಟೆ ಬಿದ್ದಂತೆ ಭಾರ ಬಂದು ಬಿತ್ತು. ನೆಲಕ್ಕೆ ಬೋರಲು ಬಿದ್ದಳು. ಮರೆತ ಆ ಸಂಜೆಯೂ ಅದರೊಂದಿಗೇ ಬಂತು. ಹೆಣವನ್ನು ಒಳಗೆ ಮಲಗಿಸಿದ ಮೇಲೆ ಅವಳು ಖಾಲಿ ಕುರ್ಚಿಗೆ ಬಂದು ಕೂತಿದ್ದಳು. ಬೆಳಕು ಬಂದದ್ದು ಕಂಡಿತ್ತು. ಏಳಬೇಕೆನಿಸಿರಲಿಲ್ಲ.

“ನಾನೇ ಕಣೇ ಅಲ್ಲಿದ್ದಿದ್ದು” ಎಂದು ಗೋಳೋ ಎಂದು ಅತ್ತಳು. “ಅವರು ಒಂದು ದಿನಾನೂ ಬಂದಿರ್ಲಿಲ್ಲ.”

ಬೆಳಕು ಹೋದ ಮೇಲೆ ಸೊಸೆ ಅವಳನ್ನು ಎಬ್ಬಿಸಿ ಕೂರಿಸಿ, ಪಕ್ಕದಲ್ಲಿ ಕೂತು ಬೆನ್ನು ಸವರಿದಳು. ಪುಟ್ಟಿ ತೊಡೆಯೇರಿ, “ಬೆಚ್ಚಗಿದೆ” ಎಂದಳು.

ಮಾರನೆಯ ಸಂಜೆ ತೊಡೆಯ ಮೇಲೆ ಕೂತಿದ್ದ ಮಗು ಮೊದಲೇ ಇಳಿದು, “ಏಳಜ್ಜಿ, ಬೆಳಕು ಬಂತು” ಎಂದು ಕೈ ಹಿಡಿದು ಜಗ್ಗಿತು. ಬೆತ್ತದಮ್ಮ ಮಂಡಿ ಹಿಡಿದುಕೊಂಡು ಎದ್ದಳು. ಬೀದಿಯಲ್ಲಿ ಅಂದು ನಡೆದ ಜಗಳದ ಸುದ್ದಿ ನಾಲಿಗೆ ತುದಿಯಲ್ಲಿತ್ತು. ಕಿಟಕಿ ಪಕ್ಕದ ಬರಿಯ ಚೌಕಟ್ಟಿನ ಮುಂದೆ, ಬೆಳಕು ಹೋಗುವವರೆಗೂ ಅವಳು ಕಿವಿಗೊಟ್ಟು ನಿಂತೇ ಇದ್ದಳು.